ಎಣ್ಣೆ ಇಲ್ಲಿ, ನೀರು ಅಲ್ಲಿ

ನ್ಯೂಜೆರ್ಸಿಯ ಪ್ಲೇನ್ಸ್‌ಬರೋದ ನಮ್ಮ ಮನೆಯಲ್ಲಿ ದೊಡ್ಡ ತೀರ್ಮಾನಗಳೆಲ್ಲ ಆಗುವುದು ತರಕಾರಿ ಹೆಚ್ಚುವ ಹೊತ್ತಿಗೆ. ಆ ಸಾಯಂಕಾಲ ನಾನು ಹುರುಳಿಕಾಯಿಯ ನಾರು ತೆಗೆಯುತ್ತಿದ್ದೆ. ಹೆಂಡತಿ ಎದುರಿಗೆ ಕೂತು ಫೋನಿನಲ್ಲಿ ಮೆಕ್ಸಿಕೋ ಟೂರುಗಳನ್ನು ನೋಡುತ್ತಿದ್ದಳು. ನಮ್ಮ ಜೊತೆಯಲ್ಲೇ ಇರುವ ಅತ್ತೆ, ಅಂದರೆ ಅವಳ ಅಮ್ಮ, ಹಿಂದಿನಿಂದ ಬಂದು ಕನ್ನಡಕ ಏರಿಸಿಕೊಂಡು ಇಣುಕಿದರು.

"ಇದು ಬಾವಿ ಅಲ್ವೇನೆ?"

"ಸೆನೋಟೆ ಅಂತಾರಂತೆ ಅಮ್ಮ. ನೆಲ ಕುಸಿದು ತಾನಾಗೇ ಆಗಿರೋದು. ಬೆಳಿಗ್ಗೆ ಮಾಯಾ ಜನರ ಹಳೇ ಊರು ತೋರಿಸ್ತಾರೆ, ಮಧ್ಯಾಹ್ನ ಊಟ, ಆಮೇಲೆ ಇಲ್ಲಿಗೆ ಕರ್ಕೊಂಡು ಹೋಗ್ತಾರೆ."

"ಏನಾದ್ರೂ ಅನ್ಲಿ. ಮೆಟ್ಲಿದೆ, ಸುತ್ತ ಕಲ್ಲಿದೆ, ಒಳಗೆ ನೀರಿದೆ. ಬಾವಿ. ನಾನು ಇಳೀತೀನಿ."

"ಇಳೀತೀಯಾ? ನೋಡ್ತೀನಿ ಅನ್ನು."

"ನೋಡೋಕೆ ಇಲ್ಲೇ ಫೋಟೋ ಇದೆಯಲ್ಲ, ಅದಕ್ಕೆ ಅಲ್ಲೀವರೆಗೂ ಯಾಕೆ ಬರ್ಲಿ?"

ನಾನು ತಲೆ ಎತ್ತದೆ ನಾರು ತೆಗೆಯುತ್ತಲೇ ಇದ್ದೆ. ತಾಯಿ ಮಗಳ ಮಾತಿನ ನಡುವೆ ಅಳಿಯ ಕೈಕೆಲಸ ನಿಲ್ಲಿಸಬಾರದು ಎಂಬುದನ್ನು ಇಷ್ಟು ವರ್ಷಗಳಲ್ಲಿ ಕಲಿತಿದ್ದೇನೆ.

ಅತ್ತೆ ಹುಟ್ಟಿ ಬೆಳೆದದ್ದು ತಿಪಟೂರಿನ ಕಡೆ. ಬೆನ್ನಿಗೆ ಎರಡು ಒಣ ತೆಂಗಿನಕಾಯಿಗಳನ್ನು ಸಿಪ್ಪೆಸಮೇತ ಕಟ್ಟಿಕೊಂಡು ತೋಟದ ಬಾವಿಯಲ್ಲಿ ಈಜು ಕಲಿತವರು. ಅಣ್ಣಂದಿರು ಮೇಲಿನ ಮೆಟ್ಟಿಲಿಂದ ದಬ್ಬುವುದು, ಇವರು ಬೈಯುತ್ತಾ ಮೇಲೆ ತೇಲಿ ಬರುವುದು, ಮತ್ತೆ ಹತ್ತಿ ಬಂದು ಇನ್ನೊಂದು ಸಲ ದಬ್ಬಿಸಿಕೊಳ್ಳುವುದು. ದೊಡ್ಡವಳಾದ ದಿನವೇ ಅವರಮ್ಮ "ಇನ್ನು ಸಾಕು" ಅಂದರಂತೆ. ಅಲ್ಲಿಗೆ ಮುಗಿಯಿತು. ಆಮೇಲೆ ಮದುವೆ, ಬೆಂಗಳೂರು, ನಲ್ಲಿ, ಬಕೆಟ್ಟು. ನಮ್ಮ ಕಾಂಪ್ಲೆಕ್ಸಿನಲ್ಲಿ ಬೇಸಿಗೆಯಲ್ಲಿ ತೆರೆಯುವ ಪೂಲ್ ಇದೆ. ಅತ್ತೆ ಅದರ ಪಕ್ಕದ ಕುರ್ಚಿಯಲ್ಲಿ ಕೂತು ಮೊಮ್ಮಗಳು ಈಜುವುದನ್ನು ನೋಡಿದ್ದಾರೆಯೇ ಹೊರತು ಒಂದು ದಿನವೂ ಕಾಲು ಇಟ್ಟವರಲ್ಲ. "ಬ್ಲೀಚಿಂಗ್ ಪೌಡರ್ ವಾಸನೆ. ಜೊತೆಗೆ ಈ ಅಂಕಲ್‌ಗಳು ವಾಕಿಂಗ್ ಅಂತ ಸುತ್ತಲೂ ಗಿರಕಿ ಹೊಡೀತಿರ್ತಾರೆ" ಎನ್ನುವುದು ಅವರ ದೂರು. ಆದರೆ ಫೋನಿನ ಈ ನೀಲಿ ಬಾವಿ ನೋಡಿದ ಮೇಲೆ ಅವರ ಮಾತಿನ ಧಾಟಿಯೇ ಬದಲಾಯಿತು. ಒಂದು ಸಲ, ಒಂದೇ ಒಂದು ಸಲ ಬಾವಿಗಿಳಿದು ಈಜಬೇಕು. ಮಧ್ಯೆ ಇಷ್ಟು ವರ್ಷ ಅದನ್ನು ಯಾರ ಹತ್ತಿರವೂ ಹೇಳದೆ ಇಟ್ಟುಕೊಂಡಿದ್ದರು ಅನಿಸುತ್ತದೆ.

ಹೆಂಡತಿಯ ಭಯವೂ ಸುಳ್ಳಲ್ಲ. ಹಿಂದಿನ ಚಳಿಗಾಲದಲ್ಲಿ ಅತ್ತೆ ಪಾರ್ಕಿಂಗ್ ಲಾಟಿನ ಐಸಿನ ಮೇಲೆ ಜಾರಿ ಮಣಿಕಟ್ಟು ಮುರಿದುಕೊಂಡಿದ್ದರು. ಅಂದಿನಿಂದ ಅವಳು ಅಮ್ಮ ಸ್ನಾನಕ್ಕೆ ಹೋದರೂ ಬಾಗಿಲ ಹೊರಗೆ ಏನೋ ಕೆಲಸ ಹುಡುಕಿಕೊಂಡು ನಿಲ್ಲುತ್ತಾಳೆ. ಬಟ್ಟೆ ಮಡಿಸುತ್ತಾಳೆ, ಮಡಿಸಿದ್ದನ್ನೇ ಬಿಚ್ಚಿ ಮತ್ತೆ ಮಡಿಸುತ್ತಾಳೆ.

"ಹೆಜ್ಜೆ ತಪ್ಪಿದ್ರೆ ಅಲ್ಲಿ ಯಾವ ಆಸ್ಪತ್ರೆ ಹುಡುಕೋದು?"

"ನೀರಲ್ಲಿ ಬಿದ್ರೆ ಮೂಳೆ ಮುರಿಯಲ್ಲ ಕಣೆ. ನೆಲದ ಮೇಲೆ ಬಿದ್ರೇ ಮುರಿಯೋದು."

ಟಿಕೆಟ್ ತೆಗೆದುಕೊಂಡಾಗಿತ್ತು. ನವೆಂಬರಿನಲ್ಲಿ ನ್ಯೂಜೆರ್ಸಿಯ ಟೀಚರುಗಳ ಸಮ್ಮೇಳನವೆಂದು ಸ್ಕೂಲಿಗೆ ರಜ ಬರುತ್ತದಲ್ಲ, ಆಗ ನಮ್ಮ ಕಾಂಪ್ಲೆಕ್ಸಿನ ಅರ್ಧ ಜನ ನ್ಯೂಅರ್ಕ್ ಏರ್‌ಪೋರ್ಟಿನಲ್ಲಿ ಸಿಗುತ್ತಾರೆ. ಆ ವರ್ಷ ದೀಪಾವಳಿಯೂ ಅದೇ ರಜಕ್ಕೆ ಸರಿಯಾಗಿ ಬಂತು. ನರಕಚತುರ್ದಶಿ ಬಿದ್ದದ್ದು ಟೂರಿನ ದಿನವೇ. ಇದನ್ನು ಕ್ಯಾಲೆಂಡರಿನಲ್ಲಿ ಮೊದಲು ಕಂಡವರು ಅತ್ತೆ. ಈಸ್ಟ್ ಬ್ರನ್ಸ್‌ವಿಕ್ಕಿನ ಅಂಗಡಿಯಿಂದ ಹರಳೆಣ್ಣೆಯ ಸೀಸೆ ತರಿಸಿದರು. ಸೂಟ್‌ಕೇಸಿನ ಒಂದು ಮೂಲೆಯಲ್ಲಿ ಕಜ್ಜಾಯದ ಡಬ್ಬ, ಇನ್ನೊಂದು ಮೂಲೆಯಲ್ಲಿ ಎಣ್ಣೆಯ ಸೀಸೆ, ಅದರ ಪಕ್ಕ ಸೀಗೆಪುಡಿಯ ಪೊಟ್ಟಣ. ಹೊರಡುವ ಹಿಂದಿನ ದಿನ ಹೆಂಡತಿ ಪೊಟ್ಟಣವನ್ನು ಹೊರಗೆ ತೆಗೆದು ಫ್ರಿಜ್ಜಿನ ಮೇಲಿಟ್ಟಳು.

"ಪ್ಲಾಸ್ಟಿಕ್ ಚೀಲದಲ್ಲಿ ಕಂದು ಪುಡಿ. ಏರ್‌ಪೋರ್ಟ್‌ನಲ್ಲಿ ಬಿಚ್ಚಿ ಮೂಸಿ ನೋಡ್ತಾರೆ. ಅವರು ಸೀನೋದು, ನಾವು ಫ್ಲೈಟ್ ಮಿಸ್ ಮಾಡ್ಕೊಳ್ಳೋದು. ಹೋಟೆಲಿನ ಶಾಂಪೂ ಇದೆಯಲ್ಲ ಅಮ್ಮ."

"ಹರಳೆಣ್ಣೆಗೆ ಶಾಂಪೂವಾ?" ಅಂದರು ಅತ್ತೆ. ಅಷ್ಟೇ. ಅದರಲ್ಲಿ ಎಲ್ಲವೂ ಇತ್ತು, ನಮಗೆ ಆಮೇಲೆ ತಿಳಿಯಿತು.

ಕ್ಯಾನ್‌ಕುನ್ ತಲುಪಿದ ಸಾಯಂಕಾಲ ನೀರು ತುಂಬುವ ಹಬ್ಬ. ಹೋಟೆಲಿನ ಬಾತ್‌ರೂಮಿನಲ್ಲಿ ಹಂಡೆ ಎಲ್ಲಿಂದ ಬರಬೇಕು? ಅತ್ತೆ ಮೊಮ್ಮಗಳ ಕೈಯಲ್ಲಿ ಶವರಿನ ಹಿಡಿಗೆ ಕುಂಕುಮ ಇಡಿಸಿದರು. ಹದಿಮೂರರ ಮಗಳು ಇಟ್ಟು, ಫೋಟೋ ತೆಗೆದು, ಗೆಳತಿಯರಿಗೆ ಕಳಿಸಿ, "ದೇ ಥಿಂಕ್ ಇಟ್ಸ್ ಅ ವಾರ್ನಿಂಗ್ ಫಾರ್ ಹಾಟ್ ವಾಟರ್" ಎಂದು ನಕ್ಕಳು.

ಮಾರನೆಯ ದಿನ ಸೂರ್ಯ ಹುಟ್ಟುವ ಮೊದಲೇ ಅತ್ತೆ ನಮ್ಮನ್ನೆಲ್ಲ ಎಬ್ಬಿಸಿದರು. ನಾನು, ಹೆಂಡತಿ ಸಾಲಾಗಿ ಮಂಚದ ಅಂಚಿಗೆ ಕೂತೆವು. ಮಗಳು ಕಂಬಳಿಯ ಒಳಗಿಂದಲೇ ತಲೆ ಒಂದನ್ನು ಹೊರಗೆ ಕೊಟ್ಟಳು. ಅತ್ತೆ ಈಗಲೂ ನನ್ನನ್ನು ಬಹುವಚನದಲ್ಲೇ ಮಾತಾಡಿಸುವವರು. ಮದುವೆಯಾದ ಮೊದಲ ದೀಪಾವಳಿಯಲ್ಲಿ ಶಾಸ್ತ್ರಕ್ಕೆಂದು ನನ್ನ ತಲೆಗೆ ಎಣ್ಣೆ ಇಟ್ಟದ್ದು ಬಿಟ್ಟರೆ ಪ್ರತಿ ವರ್ಷ ಸೀಸೆಯನ್ನು ನನ್ನ ಹೆಂಡತಿಯ ಕೈಗೆ ಕೊಟ್ಟು "ಇವರಿಗೆ ನೀನೇ ಹಚ್ಚು" ಎಂದು ದೂರ ನಿಲ್ಲುವುದು ರೂಢಿ. ಅವತ್ತು ಅದಕ್ಕೆಲ್ಲ ಪುರಸೊತ್ತಿರಲಿಲ್ಲ.

"ಸ್ವಲ್ಪ ಬಗ್ಗಿ. ತಲೆ ಸಿಗ್ತಿಲ್ಲ" ಅಂದರು.

ಬಗ್ಗಿದೆ. ಹರಳೆಣ್ಣೆ ಬೇರೆ ಎಣ್ಣೆಗಳ ಹಾಗಲ್ಲ. ಅದು ಹರಿಯುವುದಿಲ್ಲ, ಯೋಚನೆ ಮಾಡಿಕೊಂಡು ಇಳಿಯುತ್ತದೆ. ಅತ್ತೆ ನೆತ್ತಿಗೆ ತಟ್ಟಿ, ಕಿವಿಯ ಹಿಂದೆ ಸವರಿ, ಕೊನೆಗೆ ತಮ್ಮ ತಲೆಗೂ ಧಾರಾಳವಾಗಿ ಸುರಿದುಕೊಂಡರು. ಇನ್ನು ಒಬ್ಬೊಬ್ಬರಾಗಿ ಸ್ನಾನಕ್ಕೆ ಹೋಗಬೇಕು ಎನ್ನುವಷ್ಟರಲ್ಲಿ ರೂಮಿನ ಫೋನ್ ಹೊಡೆದುಕೊಂಡಿತು. ಟೂರಿನ ಬಸ್ಸು ಹೇಳಿದ ಹೊತ್ತಿಗಿಂತ ಮೊದಲೇ ಬಂದು ಕೆಳಗೆ ನಿಂತಿದೆ, ಕಾಯುವುದಿಲ್ಲ.

ಹೆಂಡತಿ ತಲೆಯ ಮೇಲೆ ಕೈ ಇಟ್ಟುಕೊಂಡವಳು ಜಿಗುಟಿಗೆ ತಟ್ಟನೆ ತೆಗೆದಳು. "ಈಗೇನು ಮಾಡೋದು?"

ಅತ್ತೆ ಮಾತ್ರ ಶಾಂತವಾಗಿದ್ದರು. "ಎಣ್ಣೆ ಇಲ್ಲಿ, ನೀರು ಅಲ್ಲಿ. ಹೇಗಿದ್ರೂ ಬಾವಿಗೇ ಹೋಗ್ತಿದ್ದೀವಲ್ಲ. ಹಬ್ಬದ ಸ್ನಾನ ಬಾವೀಲಿ ಆದ್ರೆ ಅದಕ್ಕಿಂತ ಬೇಕಾ?"

ನನಗೆ ಇದು ಬಹಳ ಒಳ್ಳೆಯ ಏರ್ಪಾಟು ಅನಿಸಿತು. ಎಣ್ಣೆ ಚೆನ್ನಾಗಿ ನೆನೆಯುತ್ತದೆ, ಬಸ್ಸೂ ತಪ್ಪುವುದಿಲ್ಲ. ಹಾಗೇ ಹೇಳಿದೆ ಕೂಡ. ಹೆಂಡತಿ ನನ್ನ ಕಡೆ ಒಂದು ನೋಟ ಬೀರಿ ಎಲ್ಲರಿಗೂ ಟೋಪಿ ಹಂಚಿದಳು.

ಬಸ್ಸಿನಲ್ಲಿ ನಮ್ಮ ಗೈಡು ನನ್ನ ವಯಸ್ಸಿನವನೇ, ಬಿಳಿ ಟೋಪಿ, ದಪ್ಪ ಮೀಸೆ. ತಾನು ಮಾಯಾ, ಮನೆಯಲ್ಲಿ ಇವತ್ತಿಗೂ ಮಾಯಾ ಭಾಷೆಯನ್ನೇ ಆಡುವುದು ಎಂದು ಇಂಗ್ಲಿಷಿನಲ್ಲಿ ಹೇಳಿಕೊಂಡ. ಬಸ್ಸಿನಲ್ಲಿದ್ದವರಿಗೆಲ್ಲ "ಫ್ಯಾಮಿಲಿ" ಎಂದು ಒಂದೇ ಹೆಸರು. ಅತ್ತೆಯನ್ನು ಮಾತ್ರ ಹತ್ತುವಾಗಲೇ ಕೈಹಿಡಿದು "ಮಮಾ" ಎಂದ. ದಾರಿಯಲ್ಲಿ ಅವನು ಹೇಳಿದ ಹಲವು ಸಂಗತಿಗಳಲ್ಲಿ ಒಂದು ಇದು: ಸೆನೋಟೆಗೆ ಇಳಿಯುವವರು ಸನ್‌ಸ್ಕ್ರೀನ್, ಕ್ರೀಮು, ಲೋಷನ್, ಸೊಳ್ಳೆ ಔಷಧಿ ಯಾವುದನ್ನೂ ಹಚ್ಚಿಕೊಂಡಿರಬಾರದು. ಇಲ್ಲಿ ಹೊಳೆಗಳಿಲ್ಲ, ನೆಲದಡಿಯ ನೀರೇ ಎಲ್ಲರೂ ಕುಡಿಯುವ ನೀರು.

ನಾನೂ ಹೆಂಡತಿಯೂ ಒಬ್ಬರ ಮುಖ ಒಬ್ಬರು ನೋಡಿದೆವು.

"ಹರಳೆಣ್ಣೆ ಅನ್ನಲಿಲ್ಲ ಅಲ್ವಾ?" ಅಂದೆ ಮೆಲ್ಲಗೆ.

"ಅವರಿಗೆ ಹೇಗೆ ಹೊಳೀಬೇಕು ರೀ?" ಅಂದಳು.

ಹಳೇ ಊರು ತಲುಪುವ ಹೊತ್ತಿಗೆ ಬಿಸಿಲು ಚುರುಗುಟ್ಟುತ್ತಿತ್ತು. ನಡುವಿನ ಬಯಲಿನಲ್ಲಿ ಆ ದೊಡ್ಡ ಪಿರಮಿಡ್ಡು, ಅದರ ಮೆಟ್ಟಿಲುಗಳ ಬುಡದಲ್ಲಿ ಬಾಯಿ ತೆರೆದ ಎರಡು ಕಲ್ಲಿನ ಹಾವುಗಳು. ಅತ್ತೆ ಹಾವುಗಳ ಮುಂದೆ ನಿಂತು ಕೈ ಮುಗಿದರು. "ನಾಗಪ್ಪ ಇಲ್ಲಿಯೂ ಇದ್ದಾನಲ್ಲ" ಎಂದು ಸಮಾಧಾನಪಟ್ಟರು. ಗೈಡು ಮೆಟ್ಟಿಲ ಎದುರು ನಿಂತು ಒಮ್ಮೆ ಚಪ್ಪಾಳೆ ಹೊಡೆದ. ಮೇಲಿನಿಂದ ಪಟ್ ಎಂದು ತಿರುಗಿ ಬರಲಿಲ್ಲ ಅದು; ಯಾವುದೋ ಹಕ್ಕಿ ಕೂಗಿದ ಹಾಗೆ ಚಿಯ್ ಎಂದು ಬಂತು. ಎಲ್ಲರೂ ಒಂದೊಂದು ಚಪ್ಪಾಳೆ ಹೊಡೆದು ನೋಡಿದರು. ಅತ್ತೆ ಒಂದಕ್ಕೆ ನಿಲ್ಲಲಿಲ್ಲ. ದೇವಸ್ಥಾನದ ಎದುರು ಚಪ್ಪಾಳೆಗೆ ಅಭ್ಯಾಸವಾದ ಕೈ, ಭಜನೆಯ ತಾಳಕ್ಕೇ ಹೋಯಿತು. ಪಿರಮಿಡ್ಡಿನ ಹಕ್ಕಿಯೂ ಅದೇ ತಾಳದಲ್ಲಿ ಕೂಗತೊಡಗಿತು. ಅಕ್ಕಪಕ್ಕದವರು ಕ್ಯಾಮರಾ ತಿರುಗಿಸಿದರು. ಮಗಳು ಟೋಪಿಯನ್ನು ಮೂಗಿನವರೆಗೆ ಎಳೆದುಕೊಂಡಳು.

ಟೋಪಿಯ ಒಳಗೆ ನಮ್ಮ ಎಣ್ಣೆ ಬಿಸಿಯಾಗಿ ಈಗ ಸರಾಗವಾಗಿ ಇಳಿಯತೊಡಗಿತ್ತು. ನನ್ನ ಶರ್ಟಿನ ಕಾಲರು ಮುಗಿದೇ ಹೋಗಿತ್ತು. "ಅಪ್ಪ, ಯುವರ್ ಇಯರ್ಸ್ ಆರ್ ಶೈನಿಂಗ್" ಎಂದು ಮಗಳು ವರದಿ ಮಾಡಿದಳು. ಮರದಡಿಯ ವ್ಯಾಪಾರಿಗಳು ಅಲ್ಲಿಯ ಚಿರತೆ ಜಾಗ್ವಾರಿನ ಕೂಗಿನ ಪೀಪಿ ಊದಿ ನಮ್ಮನ್ನು ಕರೆದರು, ಹತ್ತಿರ ಬಂದ ಮೇಲೆ ಪೀಪಿಗಿಂತ ನಮ್ಮ ಕಿವಿಗಳನ್ನೇ ಹೆಚ್ಚು ನೋಡಿದರು.

ಬಯಲಿನಾಚೆ ಕಾಡಿನ ದಾರಿ ಹಿಡಿದು ಹೋದರೆ ಆ ಊರಿನ ಹಳೆಯ ದೊಡ್ಡ ಬಾವಿ. ಕಣ್ಣು ಹೋದಷ್ಟು ಆಳಕ್ಕೆ ನೇರ ಗೋಡೆ, ತಳದಲ್ಲಿ ಹಸಿರು ನೀರು. ಇಲ್ಲಿ ಯಾರೂ ಇಳಿಯುವಂತಿಲ್ಲ. ಮಳೆದೇವರಿಗೆಂದು ಒಡವೆ, ಹಸಿರುಕಲ್ಲು, ಒಮ್ಮೊಮ್ಮೆ ಮನುಷ್ಯರನ್ನೂ ಇದರೊಳಗೆ ಹಾಕುತ್ತಿದ್ದರು ಎಂದು ಗೈಡು ಹೇಳಿದ. ಹೆಂಡತಿ ಈ ಅವಕಾಶ ಬಿಡಲಿಲ್ಲ.

"ಕೇಳಿಸ್ಕೊಂಡ್ಯಾ ಅಮ್ಮ? ಮನುಷ್ಯರನ್ನ ತಳ್ತಿದ್ರಂತೆ."

"ತಳ್ಳೋದು ಬೇರೆ, ಇಳಿಯೋದು ಬೇರೆ."

"ನಿನ್ನ ಮಂಡಿ ಹೇಗಿದೆ? ನೋಡು, ಕುಂಟ್ತಿದ್ದೀಯ."

"ಚಪ್ಪಲಿಯೊಳಗೆ ಎಣ್ಣೆ ಇಳಿದಿದೆ, ಜಾರ್ತಿದೆ. ಮಂಡಿ ಚೆನ್ನಾಗಿದೆ."

ಊಟಕ್ಕೆ ನಿಂತದ್ದು ನಾವು ಇಳಿಯಬೇಕಾಗಿದ್ದ ಸೆನೋಟೆಯ ಅಂಚಿನ ಮೇಲೆಯೇ, ಹುಲ್ಲು ಹೊದಿಸಿದ ದೊಡ್ಡ ಚಪ್ಪರದಲ್ಲಿ. ನಮಗೆ ಅನ್ನ, ಕಪ್ಪು ಹುರುಳಿಯಂಥ ಕಾಳಿನ ಗೊಜ್ಜು, ಬಾಳೆಹಣ್ಣು ಕರಿದದ್ದು. ಅದರ ಜೊತೆಗೆ ನಾನು ತಂದಿದ್ದ ಚಟ್ನಿಪುಡಿ. ಚಪ್ಪರದ ಮೂಲೆಯಲ್ಲಿ ಕಸೂತಿ ಹಾಕಿದ ಬಿಳಿ ಅಂಗಿ ತೊಟ್ಟ ಒಬ್ಬ ಹೆಂಗಸು ಮೆಕ್ಕೆಜೋಳದ ಹಿಟ್ಟು ನಾದಿ, ಕೈಯಲ್ಲೇ ತಟ್ಟಿ, ಹಂಚಿಗೆ ಹಾಕುತ್ತಿದ್ದಳು. ಅತ್ತೆ ತಟ್ಟೆ ಹಿಡಿದುಕೊಂಡು ಅಲ್ಲಿಯೇ ನಿಂತುಬಿಟ್ಟರು. ಹಿಟ್ಟು ಸಡಿಲಾದಾಗ ಅವಳು ಪಕ್ಕದ ಬುಟ್ಟಿಯಿಂದ ಒಣಹಿಟ್ಟು ಉದುರಿಸುವುದನ್ನೂ, ರೊಟ್ಟಿ ಉಬ್ಬಿದಾಗ ಬೆರಳ ತುದಿಯಲ್ಲಿ ಮುಟ್ಟಿ ತಿರುವುವುದನ್ನೂ ನೋಡಿ, "ನನ್ನ ಹಾಗೇ ಕೈ ಸುಟ್ಕೋತಾಳೆ" ಎಂದು ಬಂದು ಹೇಳಿದರು.

ಊಟವಾದ ಮೇಲೆ ಗೈಡು ಸಾರಿದ: ಒಂದು ಗಂಟೆ, ಆಮೇಲೆ ಬಸ್ಸು. ಅತ್ತೆ ಬಟ್ಟೆ ಬದಲಾಯಿಸಿಕೊಂಡು ಬಂದರು. ಕೆಳಗೆ ನನ್ನ ಹೆಂಡತಿಯ ಲೆಗ್ಗಿಂಗ್ಸ್, ಮೇಲೆ ಮೊಮ್ಮಗಳ ಸ್ವಿಮ್ ಟೀಮಿನ ಟೀ ಶರ್ಟು. ಎದೆಯ ಮೇಲೆ ಹಲ್ಲು ತೋರಿಸುತ್ತಿರುವ ಶಾರ್ಕ್ ಮೀನು. ನಾನು ಅಳಿಯನ ಮರ್ಯಾದೆಗೆ ತಕ್ಕಂತೆ ಗೋಡೆಯ ಕಡೆ ತಿರುಗಿ ನಿಂತೆ. "ಅಜ್ಜಿ, ಯು ಲುಕ್ ಸೋ ಕೂಲ್" ಎಂದು ಮಗಳು ಕೂಗಿದ್ದಕ್ಕೆ ತಿರುಗಲೇಬೇಕಾಯಿತು. ನಿಜವಾಗಿಯೂ ಚೆನ್ನಾಗಿ ಕಾಣುತ್ತಿದ್ದರು.

ಇಳಿಯುವ ಮುಂಚೆ ಎಲ್ಲರೂ ಶವರಿನ ಕೆಳಗೆ ನಿಲ್ಲಬೇಕು. ಸೋಪಿಲ್ಲ, ಬರೀ ನೀರು. ಪಕ್ಕದಲ್ಲಿ ಅಲ್ಲಿಯ ಕಾವಲಿನ ಯುವತಿ, ಕೊರಳಿಗೆ ಸೀಟಿ. ನಮ್ಮ ಬಸ್ಸಿನವರೆಲ್ಲ ಸರಸರನೆ ಒದ್ದೆಯಾಗಿ ಇಳಿದು ಹೋದರು. ನಾವು ನಿಂತೆವು. ನಮ್ಮ ತಲೆಯ ಮೇಲೆ ಬಿದ್ದ ನೀರು ಕೆಸುವಿನೆಲೆಯ ಮೇಲೆ ಬಿದ್ದಂತೆ ಮುತ್ತುಮುತ್ತಾಗಿ ಉರುಳಿ ಹೋಯಿತು. ಒಂದು ಕೂದಲೂ ನೆನೆಯಲಿಲ್ಲ. ಆ ಯುವತಿ ಕಣ್ಣು ಕಿರಿದು ಮಾಡಿ ಹತ್ತಿರ ಬಂದಳು. ಬಿಳಿ ಪೇಪರ್ ಟವೆಲ್ ಒಂದನ್ನು ನನ್ನ ನೆತ್ತಿಗೆ ಒತ್ತಿ ತೆಗೆದು ಬೆಳಕಿಗೆ ಹಿಡಿದಳು. ಬಜ್ಜಿ ಇಟ್ಟ ಪೇಪರಿನ ಹಾಗೆ ಅದರಾಚೆಯ ಮರ ಕಾಣುತ್ತಿತ್ತು.

"ನೋ" ಅಂದಳು. ನಾಲ್ಕೂ ತಲೆಗಳಿಗೆ ಸೇರಿಸಿ ಒಂದೇ ನೋ.

ಗೈಡು ಓಡಿ ಬಂದ. ಅವರಿಬ್ಬರೂ ಸ್ಪ್ಯಾನಿಷಿನಲ್ಲಿ ಮಾತಾಡಿದರು. ಇವತ್ತು ನಮ್ಮ ಹಬ್ಬ, ಎಣ್ಣೆ ಹಚ್ಚಿಕೊಳ್ಳುವುದು ಶಾಸ್ತ್ರ ಎಂದು ನಾನು ನನ್ನ ಪಾಲಿನ ವಾದ ಮಂಡಿಸಿದೆ. ಅವಳು ಬೈಯಲಿಲ್ಲ, ನಗಲೂ ಇಲ್ಲ. ಹಬ್ಬ ಒಳ್ಳೆಯದೇ, ಆದರೆ ಈ ನೀರನ್ನು ಊರು ಕುಡಿಯುತ್ತದೆ ಎಂದಳಂತೆ. ಅಡುಗೆಮನೆಯ ಹಿಂದೆ ಪಾತ್ರೆ ತೊಳೆಯುವ ಕಡೆ ತಲೆ ತೊಳೆದುಕೊಂಡು ಬಂದರೆ ಆಗಬಹುದು, ಅಲ್ಲಿಯ ನೀರು ಬೇರೆ ತೊಟ್ಟಿಗೆ ಹೋಗುತ್ತದೆ, ಆದರೆ ಕೂದಲಲ್ಲಿ ಎಣ್ಣೆಯೂ ಇರಬಾರದು, ಸೋಪಿನ ಜಿಡ್ಡೂ ಇರಬಾರದು ಎಂದು ಗೈಡು ತಿಳಿಸಿದ.

ಹೆಂಡತಿ ಟವೆಲನ್ನು ಅಮ್ಮನ ಹೆಗಲಿಗೆ ಹೊದಿಸಿದಳು. "ಹೋಗ್ಲಿ ಬಿಡಮ್ಮ. ಮೇಲಿಂದ ನೋಡೋಣ. ಬಾ, ಆ ಬೆಂಚಿನ ಮೇಲೆ ಕೂತ್ಕೋ."

ದನಿಯಲ್ಲಿ ಸಮಾಧಾನವೂ ಇತ್ತು, ಸ್ವಲ್ಪ ನಿರಾಳವೂ ಇತ್ತು. ಅತ್ತೆ ಬೆಂಚಿನ ಮೇಲೆ ಕೂತರು. ಕೆಳಗಿನಿಂದ ಜನ ನೀರಿಗೆ ಹಾರುವ ಶಬ್ದ ಬರುತ್ತಿತ್ತು. ಪ್ರತಿ ಸಲ ಧುಮುಕ್ ಎಂದಾಗಲೂ ಅತ್ತೆಯ ಎಡಗಾಲಿನ ಬೆರಳುಗಳು ಮಡಿಸಿಕೊಳ್ಳುತ್ತಿದ್ದವು. ಶಾರ್ಕ್ ಮೀನಿನ ಮೇಲೆ ಕೈಕಟ್ಟಿ ಕೂತಿದ್ದವರು ಯಾರ ಮೇಲೂ ಸಿಟ್ಟು ಮಾಡಲಿಲ್ಲ. "ಸೀಗೆಪುಡಿ ಇದ್ದಿದ್ರೆ" ಅಂತಲೂ ಅನ್ನಲಿಲ್ಲ. ಅನ್ನದೆ ಇದ್ದದ್ದಕ್ಕೇ ಹೆಂಡತಿ ಪೆಚ್ಚಾಗಿ ಬೇರೆ ಕಡೆ ನೋಡುತ್ತಿದ್ದಳು.

ಸ್ವಲ್ಪ ಹೊತ್ತಿನ ಮೇಲೆ ಅತ್ತೆ ಎದ್ದರು. ಟವೆಲನ್ನು ಬೆಂಚಿನ ಮೇಲಿಟ್ಟು ನೇರ ಚಪ್ಪರದ ಮೂಲೆಗೆ ಹೋದರು. ರೊಟ್ಟಿಯ ಹೆಂಗಸು ಹಂಚು ಒರೆಸುತ್ತಿದ್ದಳು. ಅತ್ತೆ ಒಣಹಿಟ್ಟಿನ ಬುಟ್ಟಿ ತೋರಿಸಿದರು, ತಮ್ಮ ತಲೆ ತೋರಿಸಿದರು, ಎರಡೂ ಕೈಯಿಂದ ಗಸಗಸ ಉಜ್ಜುವ ಅಭಿನಯ ಮಾಡಿದರು. ಆಮೇಲೆ ಕನ್ನಡದಲ್ಲಿಯೇ ಕೇಳಿದರು: "ಒಂದು ಬಟ್ಲು ಕೊಡ್ತೀಯೇನಮ್ಮ?"

ಆ ಹೆಂಗಸು ಒಂದು ಗಳಿಗೆ ನೋಡಿದಳು. ಕೈ ಚಾಚಿ ಅತ್ತೆಯ ಜಡೆ ಮುಟ್ಟಿದಳು, ಬೆರಳು ಮೂಸಿದಳು. ಮೂಸಿದ್ದೇ ಕಿಸಕ್ಕೆಂದು ನಕ್ಕು ಗೈಡಿನ ಕಡೆ ತಿರುಗಿ ಮಾಯಾ ಭಾಷೆಯಲ್ಲಿ ಏನೋ ಹೇಳಿದಳು. ಅವನೂ ಮೂಸಿ ಮುಖ ಹಿಂಡಿಕೊಂಡ.

"ಮಮಾ, ಇದನ್ನ ನೀವು ತಲೆಗೆ ಹಚ್ತೀರಾ? ನಮ್ಮಜ್ಜಿ ಇದನ್ನ ನನಗೆ ಕುಡಿಸ್ತಿದ್ದಳು! ಮೂಗು ಹಿಡಿದು! ಒಂದು ದೊಡ್ಡ ಚಮಚ!"

ನಾನು ಅನುವಾದಿಸಿದೆ. ಅತ್ತೆಗೆ ಪರಮಾನಂದವಾಯಿತು. "ನಾವೂ ಕುಡಿಸ್ತೀವಿ ಅಂತ ಹೇಳಿ. ಇವಳಿಗೂ ಕುಡಿಸಿದೀನಿ" ಎಂದು ತಮ್ಮ ಮಗಳನ್ನು ತೋರಿಸಿದರು. ಗೈಡು ನನ್ನ ಹೆಂಡತಿಯ ಕಡೆ ಒಡಹುಟ್ಟಿದವನಂತೆ ಮರುಕದಿಂದ ನೋಡಿದ.

ಅಡುಗೆಮನೆಯ ಹಿಂದೆ ದೊಡ್ಡ ಮರ, ಅದರಡಿಯಲ್ಲಿ ಪಾತ್ರೆ ತೊಳೆಯುವ ಕಲ್ಲಿನ ತೊಟ್ಟಿ. ಅತ್ತೆಯನ್ನು ಸ್ಟೂಲಿನ ಮೇಲೆ ಕೂರಿಸಿದೆವು. ರೊಟ್ಟಿಯ ಹೆಂಗಸು ಸೋರೆಬುರುಡೆಯ ಬಟ್ಟಲಿನಲ್ಲಿ ಹಿಟ್ಟು ತಂದಳು. ಅತ್ತೆ ಹುಕುಂ ಕೊಡತೊಡಗಿದರು: ನೀರು ಈಗಲೇ ಬೇಡ. ಮೊದಲು ಒಣಹಿಟ್ಟು. ಕಡಲೆಹಿಟ್ಟು ಹಾಕುವ ಹಾಗೆಯೇ. ಬುಡಕ್ಕೆ ತಿಕ್ಕಿ, ಉದುರಿಸಿ, ಮತ್ತೆ ತಿಕ್ಕಿ. ಒಂದು ಕಡೆ ಹೆಂಡತಿ, ಒಂದು ಕಡೆ ಆ ಹೆಂಗಸು, ಇಬ್ಬರೂ ಉಜ್ಜಿದರು. ಹಿಟ್ಟು ಎಣ್ಣೆ ಕುಡಿದು ಸಣ್ಣ ಸಣ್ಣ ಉಂಡೆಯಾಗಿ ನೆಲಕ್ಕೆ ಉದುರಿತು. ಎಲ್ಲಿಂದಲೋ ಕೋಳಿಗಳು ಓಡಿಬಂದವು. ರೊಟ್ಟಿಯ ಹೆಂಗಸು ಕೈಯ ಕೆಲಸ ಬಿಟ್ಟು ಕೋಳಿ ಅಟ್ಟುವುದಕ್ಕೆ ಓಡಿದಳು. "ಅವು ತಿಂದ್ರೆ ನಾಳೆ ಅಂಗಳ ಯಾರು ತೊಳೀತಾರೆ ಅಂತಿದ್ದಾಳೆ" ಎಂದು ಗೈಡು ಹೊಟ್ಟೆ ಹಿಡಿದುಕೊಂಡು ನಕ್ಕ. ಕೋಳಿ ಕಾಯುವ ಕೆಲಸ ಮಗಳಿಗೆ ಬಂತು.

ಕೊನೆಗೆ ನೀರು. ಚೊಂಬಿಲ್ಲ, ಅದೇ ಬುರುಡೆಯ ಬಟ್ಟಲು ನನ್ನ ಕೈಗೆ ಬಂತು. ಹಾಕಲೋ ಬೇಡವೋ ಎಂದು ನಾನು ನಿಂತಿದ್ದೆ.

"ಹುಯ್ಯಿ. ಯಾಕೆ ನಿಂತ್ರಿ? ಹೊತ್ತಾಗ್ತಿದೆ" ಅಂದರು ಅತ್ತೆ, ಕಣ್ಣು ಮುಚ್ಚಿಕೊಂಡೇ.

ಹುಯ್ದೆ. ಈ ಸಲ ನೀರು ಉರುಳಿ ಹೋಗಲಿಲ್ಲ. ಕೂದಲೊಳಗೆ ಇಳಿಯಿತು.

ಕಾವಲಿನ ಯುವತಿ ಹೊಸ ಪೇಪರ್ ಟವೆಲ್ ಒತ್ತಿ ನೋಡಿದಳು. ಇನ್ನೊಂದು ಸಲ ಒತ್ತಿದಳು. ಬೆಳಕಿಗೆ ಹಿಡಿದಳು. ಬರೀ ಒದ್ದೆ. ಅವಳು ಮೊದಲ ಸಲ ನಕ್ಕಳು. ಅತ್ತೆಗೆ ಲೈಫ್ ಜಾಕೆಟ್ ತೊಡಿಸಿ, ಬಕಲುಗಳನ್ನು ಬಿಗಿದಳು. ಅತ್ತೆ ಜಾಕೆಟನ್ನು ತಟ್ಟಿ ನೋಡಿಕೊಂಡು, "ನಮ್ಮ ತೆಂಗಿನಕಾಯಿಗಿಂತ ಮೆತ್ತಗಿದೆ" ಅಂದರು.

ಆದರೆ ಇನ್ನು ಮೂರು ತಲೆ ತೊಳೆಯುವಷ್ಟು ಹಿಟ್ಟೂ ಇರಲಿಲ್ಲ, ಹೊತ್ತೂ ಇರಲಿಲ್ಲ. ಇಳಿಯುವುದಾದರೆ ಅತ್ತೆ ಒಬ್ಬರೇ ಇಳಿಯಬೇಕು. ಇದು ಎಲ್ಲರಿಗೂ ಒಟ್ಟಿಗೇ ಹೊಳೆಯಿತು. ಹೆಂಡತಿ ಅಮ್ಮನ ಜಾಕೆಟಿನ ಪಟ್ಟಿ ಹಿಡಿದುಕೊಂಡು ನಿಂತಿದ್ದವಳು ಬಿಡಲಿಲ್ಲ.

"ಒಬ್ಬಳೇನಾ?" ಅಂದಳು. "ನಾನಾದರೂ ಜೊತೆಗಿರ್ತೀನಿ ಅಂದ್ಕೊಂಡಿದ್ದೆ."

"ನಿನಗೆ ಈಜು ಬರುತ್ತಾ?"

"ಇಲ್ಲ."

"ಮತ್ತೆ ನೀನಿದ್ದು ಏನು ಮಾಡ್ತಿದ್ದೆ? ನಾನೇ ನಿನ್ನನ್ನೂ ಹಿಡ್ಕೋಬೇಕಾಗಿತ್ತು."

ಹೆಂಡತಿಗೆ ನಗು ಬಂತು, ಅಳುವೂ ಬಂತು. ಪಟ್ಟಿ ಬಿಟ್ಟಳು. ನೀರಿಗಿಳಿಯದೆ ಕೊನೆಯ ಮೆಟ್ಟಿಲವರೆಗೆ ಮಾತ್ರ ನಾವು ಹೋಗಬಹುದು ಎಂದು ಯುವತಿ ಒಪ್ಪಿದಳು. ಬಂಡೆ ಕಡಿದು ಮಾಡಿದ ಮೆಟ್ಟಿಲು, ಹಿಡಿದುಕೊಳ್ಳಲು ಹಗ್ಗ. ಅತ್ತೆ ಒಂದೊಂದೇ ಮೆಟ್ಟಿಲನ್ನು ಬಲಗಾಲಿಟ್ಟು ಇಳಿದರು. ಹಿಂದೆ ಹೆಂಡತಿ, ಅವಳ ಹಿಂದೆ ನಾನು, ಮಗಳು. ಮೇಲೆ ದುಂಡಗೆ ಆಕಾಶ. ಅಂಚಿನ ಮರಗಳ ಬೇರುಗಳು ಹಗ್ಗದಂತೆ ನೀರಿನವರೆಗೆ ಇಳಿಬಿದ್ದಿದ್ದವು. ನೀರು ಎಷ್ಟು ತಿಳಿಯಾಗಿತ್ತೆಂದರೆ ಕಪ್ಪು ಮೀನುಗಳ ನೆರಳು ಕಲ್ಲಿನ ಮೇಲೆ ಬೇರೆಯಾಗಿ ಕಾಣುತ್ತಿತ್ತು.

ಕಡೆಯ ಮೆಟ್ಟಿಲಲ್ಲಿ ನಿಂತು ಅತ್ತೆ ಒಂದು ಬೊಗಸೆ ನೀರು ತೆಗೆದು ಕಣ್ಣಿಗೊತ್ತಿಕೊಂಡರು. ಆಮೇಲೆ ಸುಮ್ಮನೆ ಮುಂದಕ್ಕೆ ವಾಲಿದರು. ಶಬ್ದವೇ ಆಗಲಿಲ್ಲ.

ಹೆಂಡತಿ ನನ್ನ ತೋಳಿಗೆ ಉಗುರು ಊರಿದಳು. ಒಂದು ಕ್ಷಣ ಬರೀ ಕಿತ್ತಳೆ ಬಣ್ಣದ ಜಾಕೆಟ್ ಕಂಡಿತು. ಆಮೇಲೆ ಒಂದು ಕೈ ಮೇಲೆದ್ದಿತು, ಇನ್ನೊಂದು ಕೈ. ಕಾಲು ಹಿಂದೆ ಕಪ್ಪೆಯ ಹಾಗೆ ಮಡಿಸಿ ಬಿಚ್ಚಿತು. ಮೊದಲು ಗೊಂದಲದಲ್ಲಿ, ಆಮೇಲೆ ಒಂದು ಲಯದಲ್ಲಿ. ಪಾರ್ಕಿಂಗ್ ಲಾಟಿನಲ್ಲಿ ನಮ್ಮ ಕೈ ಹಿಡಿದು ಒಂದೊಂದೇ ಹೆಜ್ಜೆ ಇಡುವವರು, ಇಲ್ಲಿ ಯಾರನ್ನೂ ತಿರುಗಿ ನೋಡದೆ ಎದುರಿನ ಗೋಡೆಯವರೆಗೆ ಹೋದರು. ಇಳಿಬಿದ್ದ ಬೇರೊಂದನ್ನು ಹಿಡಿದುಕೊಂಡು ಅಲ್ಲಿಂದ ಕೂಗಿದರು:

"ತಣ್ಣಗಿದೆ ಕಣೇ!"

ಬಾವಿಯ ಗೋಡೆಗಳೆಲ್ಲ ತಣ್ಣಗಿದೆ ಕಣೇ ಎಂದವು. "ಗೋ ಅಜ್ಜಿ!" ಎಂದು ಮಗಳು ಕಿರುಚಿದಳು. ನಮ್ಮ ಬಸ್ಸಿನವರೂ, ಅತ್ತೆಯ ಹೆಸರೇ ಅದು ಎಂದುಕೊಂಡು, "ಗೋ ಅಜ್ಜಿ" ಎಂದು ಶುರುಮಾಡಿದರು. ಮೇಲೆ ಅಂಚಿನಲ್ಲಿ ರೊಟ್ಟಿಯ ಹೆಂಗಸು ಕೈ ಒರೆಸಿಕೊಳ್ಳುತ್ತಾ ನಿಂತು ನೋಡುತ್ತಿದ್ದಳು.

ಇನ್ನು ಹಬ್ಬದ ಸ್ನಾನ. ತಲೆ ಮುಳುಗಿಸಬೇಕು. ಅತ್ತೆ ಮೂಗು ಹಿಡಿದು ಮುಳುಗಿದರು. ಜಾಕೆಟ್ ಅವರನ್ನು ತಟ್ಟನೆ ಮೇಲಕ್ಕೆ ಎಸೆಯಿತು. ಮತ್ತೆ ಮುಳುಗಿದರು, ಮತ್ತೆ ಎಸೆಯಿತು. ಜಾಕೆಟ್ಟಿಗೆ ಏನೋ ಬೈದರು, ಕೇಳಿಸಲಿಲ್ಲ. ಆಮೇಲೆ ಅಂಗಾತ ಮಲಗಿ, ನೆತ್ತಿಯನ್ನು ನೀರಿಗೆ ಒಪ್ಪಿಸಿ, ಆ ದುಂಡನೆಯ ಆಕಾಶ ನೋಡಿಕೊಂಡು ತೇಲಿದರು. ಸೀಟಿ ಊದುವವರೆಗೂ ಹಾಗೇ ಇದ್ದರು. ಹೆಂಡತಿಯ ಉಗುರು ಯಾವಾಗ ನನ್ನ ತೋಳು ಬಿಟ್ಟಿತೋ ಗೊತ್ತಾಗಲಿಲ್ಲ. ತಿರುಗಿ ನೋಡಿದರೆ ಅವಳು ಕೆಳಗಿನ ಮೆಟ್ಟಿಲಿನಲ್ಲಿ ಕೂತು ಗಲ್ಲಕ್ಕೆ ಕೈ ಕೊಟ್ಟು ನಗುತ್ತಿದ್ದಳು.

ಹೊರಡುತ್ತಾ ಅತ್ತೆ ಬೆಳಿಗ್ಗೆ ಚೀಲಕ್ಕೆ ಹಾಕಿಕೊಂಡು ಬಂದಿದ್ದ ಕಜ್ಜಾಯದ ಡಬ್ಬವನ್ನೂ, ಉಳಿದಿದ್ದ ಹರಳೆಣ್ಣೆಯ ಸೀಸೆಯನ್ನೂ ರೊಟ್ಟಿಯ ಹೆಂಗಸಿನ ಕೈಗಿಟ್ಟರು. ಅವಳು ಕಜ್ಜಾಯ ಅಲ್ಲಿಯೇ ಮುರಿದು ಬಾಯಿಗೆ ಹಾಕಿಕೊಂಡಳು. ಸೀಸೆಯನ್ನು ಗೈಡಿಗೆ ತೋರಿಸಿ ಚಮಚದಲ್ಲಿ ಕುಡಿಸುವ ಅಭಿನಯ ಮಾಡಿದಳು. ಅವನು ಬಸ್ಸಿಗೆ ಓಡಿ ಹೋದ.

ವಾಪಸು ಬರುವಾಗ ಬಸ್ಸಿನಲ್ಲಿ ಎಲ್ಲರ ತಲೆಯೂ ಒಣಗುತ್ತಿತ್ತು, ನಮ್ಮ ಮೂರು ತಲೆ ಬಿಟ್ಟು. ಅತ್ತೆ ಕೂದಲು ಹರವಿಕೊಂಡು ಸೀಟಿಗೊರಗಿದ್ದರು. ಹಿಂದಿನ ಸೀಟಿನಿಂದ ಹೆಂಡತಿ ಮುಂದಕ್ಕೆ ಬಾಗಿ, ಸಿಕ್ಕು ಬಿಡಿಸುತ್ತಾ ಬಾಚುತ್ತಿದ್ದಳು.

"ಬುಡದಲ್ಲಿ ಇನ್ನೂ ಹಿಟ್ಟಿದೆ ಅಮ್ಮ."

ಅತ್ತೆ ಕಣ್ಣು ತೆರೆಯಲಿಲ್ಲ. "ಇರ್ಲಿ ಬಿಡು. ನಾಳೆ ತೊಳ್ಕೊಂಡ್ರಾಯ್ತು. ಇಂಥ ಬಾವಿ ಈ ಕಡೆ ಇನ್ನೂ ಬೇಕಾದಷ್ಟಿವೆಯಂತೆ, ಆ ಗೈಡು ಹೇಳ್ತಿದ್ದ."

ಬಾಚಣಿಗೆ ನಿಂತಿತು. ಕಿಟಕಿಯಾಚೆ ಒಂದೇ ಸಮನೆ ಕುರುಚಲು ಕಾಡು ಓಡುತ್ತಿತ್ತು. ನಾನು ಕೈಕೆಲಸ ಏನೂ ಇಲ್ಲದೆ ಸಿಕ್ಕಿಹಾಕಿಕೊಂಡಿದ್ದೆ. ಟೋಪಿಯನ್ನು ತೆಗೆದು ಒಳಗಿನ ಎಣ್ಣೆ ಒರೆಸತೊಡಗಿದೆ.

"ನಾಳೆ ಬೆಳಿಗ್ಗೆ ಯಾರೂ ತಲೆಗೆ ಏನೂ ಹಚ್ಚೋ ಹಾಗಿಲ್ಲ" ಅಂದಳು ಹೆಂಡತಿ, ಮತ್ತೆ ಬಾಚುತ್ತಾ. "ಮತ್ತೆ, ನನಗೂ ಒಂದು ಜಾಕೆಟ್ ಕೇಳ್ಬೇಕು."